ನೆಳಲು ಬೆಳಕಿನ ಸಾಧಕ ಗುರುದತ್ತ ಪಡುಕೋಣೆ

ಗುರುದತ್ತ ಎಂಬ ಹೆಸರನ್ನು ಕೇಳದ ಚಿತ್ರಪ್ರೇಮಿಗಳು ನಮ್ಮ ಈ ಮುಂಬಯಿಯ ನೆರೆಹೊರೆಯಲ್ಲಿ ವಿರಳ. ಆದರೆ ಆ ಹೆಸರಿನ ಕೊನೆಯ ಭಾಗವನ್ನು ಕಂಡು ಅವರನ್ನು ವಂಗದೇಶದವರೆಂದು ತಿಳಿದವರು ಬಹಳ ಮಂದಿ. ನಮ್ಮವರಲ್ಲಿಯೂ ಅನೇಕರು ಹಾಗೆಯೇ ತಿಳಿದಿದ್ದಾರೆ. ಗುರುದತ್ತರು ಹುಟ್ಟಿದುದು ಬೆಂಗಳೂರಿನಲ್ಲಿ; ಅವರ ಮನೆತನದ ಹೆಸರು ಪಡುಕೋಣೆ. ಕುಂದಾಪುರದ ಕಡೆಯ ಕಡಲ ತೀರದಲ್ಲಿ ಆ ಹೆಸರಿನ ಊರು ಇಂದಿಗೂ ಇದೆ. ಮನೆಯ ಮಾತು ಕೊಂಕಣಿ; ಆದರೆ ಅವರ ತಾಯಿಯವರು ಲೇಖನಿ ಹಿಡಿದುದು ಕನ್ನಡದಲ್ಲಿ. ಕನ್ನಡ ನೆಲದಲ್ಲಿ ಹುಟ್ಟಿ, ಅನ್ನವನ್ನರಸಿ ಮುಂಬಯಿಗೆ ಬಂದು, ಅನ್ನಕ್ಕಿಂತ ದೊಡ್ಡದೊಂದನ್ನು ಈ ನಗರಕ್ಕೆ ಕೊಟ್ಟುಹೋದವರ ಸಾಲಿನಲ್ಲಿ ಗುರುದತ್ತರ ಸ್ಥಾನ ಹಿರಿದು. ರಾಜ್ಯೋತ್ಸವದ ಈ ಸಂಚಿಕೆಯಲ್ಲಿ ಅವರ ಬಾಳನ್ನು, ಅದಕ್ಕಿಂತ ಹೆಚ್ಚಾಗಿ ಅವರ ಕೆಲಸದ ರೀತಿಯನ್ನು, ವಾಚಕರ ಮುಂದಿಡಬೇಕೆಂದು ನಾವು ಬಯಸಿದ್ದೇವೆ.

ಅವರ ಪ್ರೇಮ, ವಿರಸ, ಮರಣಗಳ ಕಥೆಯನ್ನು ಪತ್ರಿಕೆಗಳು ಸಾಕಷ್ಟು ಹೇಳಿವೆ. ಅದನ್ನೇ ಮತ್ತೆ ಹೇಳುವುದು ನಮ್ಮ ಉದ್ದೇಶವಲ್ಲ. ಬೆಳಕು ಮತ್ತು ಕತ್ತಲೆಗಳನ್ನು ಮಾತಿನಂತೆ ಬಳಸಲು ಅವರು ಮಾಡಿದ ಪ್ರಯೋಗಗಳು ಯಾವುವು, ಆ ಪ್ರಯೋಗಗಳಲ್ಲಿ ಅವರಿಗೆ ಬಲಗೈಯಾಗಿ ನಿಂತ ಮೈಸೂರಿನ ಗೆಳೆಯರು ಯಾರು, ಆ ಪ್ರಯೋಗಗಳಿಗಾಗಿ ಅವರು ತೆತ್ತ ಬೆಲೆಯೇನು, ಎಂಬಿವೇ ನಮ್ಮ ವಿಷಯ.

ಗುರುದತ್ತರು ೧೯೨೫ನೆಯ ಇಸವಿಯ ಜುಲೈ ೯ರಂದು ಜನಿಸಿದರು. ಮೊದಲು ಇಟ್ಟ ಹೆಸರು ವಸಂತಕುಮಾರ. ಶೈಶವದಲ್ಲಿ ಒಂದು ಅಪಘಾತವಾಗಿ, ಆ ಹೆಸರು ಶುಭವಲ್ಲವೆಂದು ಹಿರಿಯರು ಗುರುದತ್ತನೆಂದು ಕರೆದರು. ತಂದೆ ಶಿವಶಂಕರರಾಯರು ಮೊದಲು ಶಾಲೆಯ ಮುಖ್ಯೋಪಾಧ್ಯಾಯರು, ಆಮೇಲೆ ಬ್ಯಾಂಕಿನ ನೌಕರರು, ಕೊನೆಗೆ ಕಲಕತ್ತೆಯಲ್ಲಿ ಬರ್ಮಾ ಶೆಲ್ ಕಂಪನಿಯ ಗುಮಾಸ್ತರು. ತಾಯಿ ವಸಂತಿಬಾಯಿಯವರು ಸಂಸಾರದ ಭಾರವನ್ನು ಹೊತ್ತುಕೊಂಡೇ ಓದು ಬರಹಗಳನ್ನು ಬೆಳೆಸಿಕೊಂಡವರು. ಶಿಕ್ಷಕಿಯಾಗಿ ದುಡಿದರು, ಸಣ್ಣ ಕಥೆಗಳನ್ನು ಬರೆದರು, ಬಂಗಾಳಿ ಕಾದಂಬರಿಗಳನ್ನು ಕನ್ನಡಕ್ಕೆ ತಂದರು. ಮಗನು ತೀರಿಕೊಂಡ ಮೇಲೆ ಅವನ ಬಾಳನ್ನು ‘ನನ್ನ ಮಗ ಗುರುದತ್ತ’ ಎಂಬ ಹೆಸರಿನಲ್ಲಿ ಕನ್ನಡದಲ್ಲಿಯೇ ಬರೆದಿಟ್ಟರು. ಹಿಂದೀ ಚಿತ್ರರಂಗದ ಇಷ್ಟು ದೊಡ್ಡ ದಿಗ್ದರ್ಶಕರೊಬ್ಬರ ಕಥೆಯನ್ನು ಹೆತ್ತ ತಾಯಿಯೇ ಕನ್ನಡದಲ್ಲಿ ಹೇಳಿದ್ದಾರೆಂಬುದನ್ನು ನಾವು ಮರೆಯಬಾರದು.

ಕಲಕತ್ತೆಯ ಭವಾನೀಪುರದಲ್ಲಿ ಕುಟುಂಬದ ಬಿಡಾರ. ಕೈಯಲ್ಲಿ ಹಣವಿಲ್ಲ, ಮನೆಯಲ್ಲಿ ಮಕ್ಕಳು ಹಲವರು. ಸಂಜೆ ಅಜ್ಜಿ ದೇವರ ಮುಂದೆ ದೀಪ ಹಚ್ಚುತ್ತಲೇ ಬಾಲಕ ಗುರುದತ್ತನು ಆ ದೀಪದ ಮುಂದೆ ತನ್ನ ಬೆರಳುಗಳನ್ನು ಮಡಿಸಿ ಬಿಚ್ಚಿ ಗೋಡೆಯ ಮೇಲೆ ನೆಳಲಿನ ಬೊಂಬೆಗಳನ್ನು ಆಡಿಸುತ್ತಿದ್ದನಂತೆ. ತಮ್ಮ ತಂಗಿಯರೇ ಪ್ರೇಕ್ಷಕರು. ಆ ಪ್ರೇಕ್ಷಕರಲ್ಲಿ ಒಬ್ಬಳಾಗಿದ್ದ ತಂಗಿ ಲಲಿತಾ ಮುಂದೆ ಲಲಿತಾ ಲಾಜ್ಮಿ ಎಂಬ ಹೆಸರಿನಿಂದ ಹೆಸರಾಂತ ಚಿತ್ರಕಾರರಾಗಿ, ೨೦೨೩ರಲ್ಲಿ ನಿಧನರಾದರು. ತಮ್ಮ ಆತ್ಮಾರಾಮನೂ ಚಿತ್ರ ದಿಗ್ದರ್ಶಕನಾದನು. ನಮ್ಮ ನಾಡಿನ ತೊಗಲುಬೊಂಬೆಯಾಟವನ್ನು ಕಂಡವರಿಗೆ ಈ ಗೋಡೆಯ ಆಟದ ಮಹತ್ವ ತಿಳಿಯದೆ ಇರದು. ಒಂದು ದೀಪ, ಒಂದು ಪರದೆ, ನಡುವೆ ಅಡ್ಡ ಬರುವ ಒಂದು ಆಕಾರ: ಚಿತ್ರಪಟವೆಂಬ ಇಷ್ಟು ದೊಡ್ಡ ಉದ್ಯಮದ ಬೇರು ಇರುವುದು ಇಷ್ಟರಲ್ಲಿಯೇ.

ಕಲಕತ್ತೆಯಲ್ಲಿ ಅವರ ಬಂಧು ಬಿ. ಬಿ. ಬೆನಗಲ್ ಎಂಬವರಿದ್ದರು. ಸಿನೇಮಾದ ದೊಡ್ಡ ದೊಡ್ಡ ಫಲಕಗಳನ್ನು ಬರೆಯುವುದು ಅವರ ವೃತ್ತಿ. ಮನೆಯಲ್ಲಿ ಕಲೆಯ ಗಾಳಿ ಬೀಸಿದುದು ಇವರಿಂದ. ಮೈಗೆ ಸರ್ಪ ಸುತ್ತಿಕೊಂಡ ಮನುಷ್ಯನ ಚಿತ್ರವೊಂದನ್ನು ಇವರು ಬರೆದಿದ್ದರು. ಅದನ್ನು ನೋಡಿ ನೋಡಿ ಹುಡುಗ ಗುರುದತ್ತನು ಸರ್ಪನೃತ್ಯವೊಂದನ್ನು ತಾನೇ ಕಲ್ಪಿಸಿದನು. ಆ ನೃತ್ಯದ ಭಂಗಿಗಳನ್ನು ಫೋಟೋ ತೆಗೆಯುವಂತೆ ಅವರನ್ನು ಕಾಡಿದನು. ಸಾರಸ್ವತ ಸಮಾಜದ ಸಮಾರಂಭವೊಂದರಲ್ಲಿ ಅದನ್ನು ಕುಣಿದೂ ತೋರಿಸಿದನು. ವಾಚಕರು ಇಲ್ಲಿ ಒಂದು ಕ್ಷಣ ನಿಲ್ಲಬೇಕು. ಚಿತ್ರದಿಂದ ನೃತ್ಯ, ನೃತ್ಯದಿಂದ ಛಾಯಾಚಿತ್ರ. ಒಂದು ಕಲೆಯನ್ನು ಇನ್ನೊಂದು ಕಲೆಯ ಒಳಕ್ಕೆ ಹರಿಯಿಸುವ ಈ ಹವ್ಯಾಸವೇ ಮುಂದೆ ಅವರ ಸಾಧನೆಯ ಜೀವಾಳವಾಯಿತು.

೧೯೪೧ರಲ್ಲಿ ಮ್ಯಾಟ್ರಿಕ್ ಮುಗಿಯಿತು. ಮುಂದಿನ ಓದಿಗೆ ಮನೆಯಲ್ಲಿ ಅನುಕೂಲವಿರಲಿಲ್ಲ. ಕಲಕತ್ತೆಯ ಕಾರ್ಖಾನೆಯೊಂದರಲ್ಲಿ ಟೆಲಿಫೋನ್ ಜೋಡಿಸುವ ನೌಕರಿಯನ್ನು ಅವರು ಕೆಲವು ಕಾಲ ಮಾಡಿದುದುಂಟು. ಮನಸ್ಸು ಅಲ್ಲಿ ನಿಲ್ಲಲಿಲ್ಲ. ಹಿಮಾಲಯದ ಮಡಿಲಿನ ಅಲ್ಮೋರಾದಲ್ಲಿ ನಾಟ್ಯಾಚಾರ್ಯ ಉದಯಶಂಕರರು ನಡೆಸುತ್ತಿದ್ದ ಕಲಾಕೇಂದ್ರದಲ್ಲಿ ವಿದ್ಯಾರ್ಥಿಯಾಗುವ ಭಾಗ್ಯ ಅವರಿಗೆ ಒದಗಿತು. ನೃತ್ಯ, ಸಂಗೀತ, ನಾಟಕಗಳನ್ನು ಒಂದೇ ಸೂರಿನಡಿ ಕಲಿಸುತ್ತಿದ್ದ ಕೇಂದ್ರವದು. ದೊಡ್ಡ ಪರದೆಯ ಹಿಂದೆ ನಟರು ನಿಂತು ತಮ್ಮ ನೆಳಲುಗಳಿಂದಲೇ ರಾಮಲೀಲೆಯನ್ನು ತೋರುವ ಆಟಕ್ಕೆ ಆ ಕೇಂದ್ರ ಹೆಸರಾಗಿತ್ತು. ಅಜ್ಜಿಯ ದೀಪದ ಮುಂದೆ ಬೆರಳಾಡಿಸಿದ ಹುಡುಗನಿಗೆ ಈ ಪರಿಸರ ಎಷ್ಟು ಒಪ್ಪಿರಬೇಕೆಂಬುದನ್ನು ಊಹಿಸುವುದು ಕಷ್ಟವಲ್ಲ. ಯುದ್ಧದ ಕಾಲ, ಹಣದ ಮುಗ್ಗಟ್ಟಿನಿಂದ ೧೯೪೪ರಲ್ಲಿ ಕೇಂದ್ರ ಮುಚ್ಚಿತು. ಗುರುದತ್ತರು ಮುಂಬಯಿಗೆ ಬಂದರು. ತಂದೆತಾಯಿಗಳು ಆ ವೇಳೆಗೆ ಇಲ್ಲಿ ನೆಲೆಸಿದ್ದರು.

ಅದೇ ವರುಷ ಪುಣೆಯ ಪ್ರಭಾತ ಫಿಲ್ಮ್ ಕಂಪನಿಯಲ್ಲಿ ಮೂರು ವರುಷಗಳ ಕರಾರಿನ ಮೇಲೆ ಕೆಲಸ ಸಿಕ್ಕಿತು. ಪ್ರಭಾತವೆಂದರೆ ಸಾಮಾನ್ಯ ಸಂಸ್ಥೆಯಲ್ಲ. ಕೊಲ್ಲಾಪುರದಲ್ಲಿ ತಮ್ಮ ಕೈಯಿಂದಲೇ ಕ್ಯಾಮೆರಾ ಕಟ್ಟಿದ ಕಲಾವಿದ ಬಾಬೂರಾವ್ ಪೇಂಟರರ ಗರಡಿಯಲ್ಲಿ ಪಳಗಿದ ಶಾಂತಾರಾಮ, ದಾಮಲೆ, ಫತ್ತೆಲಾಲ ಮೊದಲಾದವರು ೧೯೨೯ರಲ್ಲಿ ಅದನ್ನು ಸ್ಥಾಪಿಸಿದರು. ೧೯೩೩ರಲ್ಲಿ ಅದು ಪುಣೆಗೆ ಬಂದಿತು. ಚಿತ್ರಪಟವೆಂದರೆ ಮೊದಲು ಕಣ್ಣಿನ ಕಲೆ ಎಂಬುದು ಆ ಪರಂಪರೆಯ ಪಾಠ. ಇಲ್ಲಿ ಗುರುದತ್ತರು ನೃತ್ಯ ಹೇಳಿಕೊಟ್ಟರು, ಸಣ್ಣಪುಟ್ಟ ಪಾತ್ರ ವಹಿಸಿದರು, ಸಹಾಯಕ ದಿಗ್ದರ್ಶಕರಾದರು. ದೇವಾನಂದ, ರೆಹಮಾನರ ಸ್ನೇಹವಾದುದೂ ಇಲ್ಲಿಯೇ. ತಮ್ಮಲ್ಲಿ ಯಾರು ಮೊದಲು ಮೇಲೆ ಬಂದರೂ ಮತ್ತೊಬ್ಬನನ್ನು ಕೈಹಿಡಿದು ಎತ್ತಬೇಕೆಂದು ದೇವಾನಂದರೂ ಇವರೂ ಮಾತು ಕೊಟ್ಟುಕೊಂಡರಂತೆ. ಪುಣೆ ಮುಂಬಯಿಗಳ ನಡುವಣ ರೈಲುದಾರಿ ಕರ್ಜತ, ಬದಲಾಪುರ, ನಮ್ಮ ಅಂಬರನಾಥ, ಕಲ್ಯಾಣಗಳನ್ನು ಹಾಯ್ದೇ ಹೋಗುತ್ತದೆ. ಕೆಲಸವನ್ನರಸಿ ಆ ದಾರಿಯಲ್ಲಿ ಹೋಗಿ ಬಂದ ಸಾವಿರಾರು ತರುಣರಲ್ಲಿ ಅವರೂ ಒಬ್ಬರು.

೧೯೪೭ರಲ್ಲಿ ಕರಾರು ಮುಗಿಯಿತು. ಮುಂದೆ ಹತ್ತು ತಿಂಗಳು ಕೆಲಸವೇ ಇಲ್ಲ. ಮಾಟುಂಗಾದಲ್ಲಿ ತಂದೆತಾಯಿಗಳ ಮನೆಯಲ್ಲಿ ಕುಳಿತು ಇಂಗ್ಲಿಷಿನಲ್ಲಿ ಸಣ್ಣಕಥೆಗಳನ್ನು ಬರೆಯುತ್ತಿದ್ದರು. ಕಲೆಗೆ ಬೆಲೆಯಿಲ್ಲದ ಲೋಕದಲ್ಲಿ ಅಲೆಯುವ ಕಲಾವಿದನೊಬ್ಬನ ಕಥೆಯನ್ನು ‘ಕಶ್ಮಕಶ್’ ಎಂದು ಬರೆದುದು ಈ ದಿನಗಳಲ್ಲಿ. ಹತ್ತು ವರುಷ ಪೆಟ್ಟಿಗೆಯಲ್ಲಿದ್ದ ಆ ಕಥೆಯೇ ಮುಂದೆ ‘ಪ್ಯಾಸಾ’ ಆಯಿತು. ಮುಂಬಯಿಗೆ ಬಂದು ನೌಕರಿಯಿಲ್ಲದೆ ನೆಂಟರಿಷ್ಟರ ಮುಖ ನೋಡುತ್ತ ತಿಂಗಳುಗಳನ್ನು ಕಳೆದ ನಮ್ಮ ಹಿರಿಯರಿಗೆ ಈ ಸ್ಥಿತಿಯ ವಿವರಣೆ ಬೇಕಾಗಿಲ್ಲ. ಆಮೇಲೆ ಅಮಿಯ ಚಕ್ರವರ್ತಿ, ಜ್ಞಾನ ಮುಖರ್ಜಿ ಎಂಬ ದಿಗ್ದರ್ಶಕರ ಕೈಕೆಳಗೆ ಸಹಾಯಕರಾಗಿ ದುಡಿದರು. ದೇವಾನಂದರು ಪುಣೆಯಲ್ಲಿ ಕೊಟ್ಟ ಮಾತನ್ನು ಉಳಿಸಿಕೊಂಡರು. ತಮ್ಮ ನವಕೇತನ ಸಂಸ್ಥೆಯ ‘ಬಾಜಿ’ ಚಿತ್ರವನ್ನು ಗುರುದತ್ತರಿಗೆ ಒಪ್ಪಿಸಿದರು. ೧೯೫೧ರಲ್ಲಿ ಅದು ತೆರೆಕಂಡು ಜನಪ್ರಿಯವಾಯಿತು. ಆಗ ಅವರ ವಯಸ್ಸು ಇಪ್ಪತ್ತಾರು. ಅದರಲ್ಲಿ ಹಾಡಿದ ಗೀತಾ ರಾಯ್ ಅವರನ್ನು ೧೯೫೩ರಲ್ಲಿ ವಿವಾಹವಾದರು.

‘ಬಾಜಿ’ಯ ಚಿತ್ರೀಕರಣದಲ್ಲಿ ಒಂದು ಘಟನೆ ನಡೆಯಿತು. ಹಾಡಿನ ದೃಶ್ಯವೊಂದರಲ್ಲಿ ಕನ್ನಡಿಯ ಪ್ರತಿಬಿಂಬದಿಂದ ಆರಂಭಿಸಿ ಕ್ಯಾಮೆರಾವನ್ನು ಚಲಿಸುತ್ತ ಹೋದರೆ ಹೇಗೆ ಎಂದು ಸಹಾಯಕ ಛಾಯಾಗ್ರಾಹಕರೊಬ್ಬರು ಸೂಚಿಸಿದರು. ಕಷ್ಟದ ಕೆಲಸ. ಆದರೂ ಸೂಚಿಸಿದ ತರುಣರೇ ಕ್ಯಾಮೆರಾ ಹಿಡಿದು ಅದನ್ನು ಮಾಡಿ ಮುಗಿಸಿದರು. ಗುರುದತ್ತರು ಬೆರಗಾಗಿ, ಮುಂದಿನ ಚಿತ್ರದಿಂದ ಇವರೇ ತಮ್ಮ ಛಾಯಾಗ್ರಾಹಕರೆಂದು ಅಂದೇ ನಿಶ್ಚಯಿಸಿದರು. ಆ ತರುಣರೇ ಮೈಸೂರಿನ ವಿ. ಕೆ. ಮೂರ್ತಿಯವರು.

ಮೂರ್ತಿಯವರ ಪರಿಚಯವಿಲ್ಲದೆ ಗುರುದತ್ತರ ಕಥೆ ಅಪೂರ್ಣ. ಅವರು ೧೯೨೩ರಲ್ಲಿ ಮೈಸೂರಿನಲ್ಲಿ ಜನಿಸಿದವರು. ಹುಡುಗತನದಲ್ಲಿಯೇ ಚಿತ್ರಪಟದ ಹುಚ್ಚು ಹಿಡಿದು ಮುಂಬಯಿಗೆ ಬಂದು, ಎಲ್ಲಿಯೂ ಪ್ರವೇಶ ಸಿಗದೆ ಊರಿಗೆ ಮರಳಿದವರು. ಪಿಟೀಲು ಕಲಿತು ಅದರಿಂದ ನಾಲ್ಕು ಕಾಸು ಸಂಪಾದಿಸಿದವರು. ಸ್ವಾತಂತ್ರ್ಯ ಚಳವಳಿಯಲ್ಲಿ ಸೆರೆಮನೆ ಕಂಡವರು. ಬೆಂಗಳೂರಿನ ಶ್ರೀ ಜಯಚಾಮರಾಜೇಂದ್ರ ಪಾಲಿಟೆಕ್ನಿಕ್‌ನಲ್ಲಿ ಛಾಯಾಗ್ರಹಣ ಕಲಿತು ೧೯೪೬ರಲ್ಲಿ ಡಿಪ್ಲೊಮಾ ಪಡೆದು ಮತ್ತೆ ಮುಂಬಯಿಯ ದಾರಿ ಹಿಡಿದರು. ಒಬ್ಬರು ನೃತ್ಯದಿಂದ ಬಂದವರು, ಇನ್ನೊಬ್ಬರು ಸಂಗೀತದಿಂದ ಬಂದವರು. ಲಯವನ್ನು ಬಲ್ಲ ಈ ಇಬ್ಬರ ಕೈಯಲ್ಲಿ ಕ್ಯಾಮೆರಾ ಕೂಡ ತಾಳ ತಪ್ಪದೆ ನಡೆಯಲು ಕಲಿಯಿತೆಂದರೆ ಆಶ್ಚರ್ಯವೇನು?

೧೯೫೧ರಿಂದ ೧೯೫೯ರ ವರೆಗೆ ಗುರುದತ್ತರು ದಿಗ್ದರ್ಶಿಸಿದ ಚಿತ್ರಗಳು ಎಂಟು. ಇವುಗಳಲ್ಲಿ ಅವರು ಮಾಡಿದ ಮೊದಲ ಪ್ರಯೋಗ ಹಾಡಿಗೆ ಸಂಬಂಧಿಸಿದ್ದು. ಅಂದಿನ ಚಿತ್ರಗಳಲ್ಲಿ ಹಾಡು ಬಂದಿತೆಂದರೆ ಕಥೆ ನಿಲ್ಲುತ್ತಿತ್ತು. ವಾದ್ಯಗಳು ಮೊದಲು ಮೊಳಗಿ ಹಾಡಿನ ಆಗಮನವನ್ನು ಸಾರುತ್ತಿದ್ದುವು. ಗುರುದತ್ತರು ಅನೇಕ ಕಡೆ ಆ ಪೀಠಿಕೆಯ ವಾದ್ಯಗಳನ್ನೇ ತೆಗೆದುಹಾಕಿದರು. ಪಾತ್ರವು ಮಾತನಾಡುತ್ತಿದ್ದಂತೆಯೇ ಮಾತು ಹಾಡಾಗಿ ತಿರುಗಬೇಕು. ಹಾಡು ಮುಗಿದಾಗ ಕಥೆ ಒಂದು ಹೆಜ್ಜೆ ಮುಂದೆ ಹೋಗಿರಬೇಕು. ‘ಆರ್ ಪಾರ್’ ಚಿತ್ರದಲ್ಲಿ ಮೋಟಾರು ಗ್ಯಾರೇಜಿನಲ್ಲಿ ಹಾಡು ಹುಟ್ಟುತ್ತದೆ. ಯಕ್ಷಗಾನದಲ್ಲಿ ಮಾತೂ ಪದವೂ ಕೈಕೈ ಹಿಡಿದು ನಡೆಯುವುದನ್ನು ಕಂಡ ನಮಗೆ ಇದು ಸಹಜವೆಂದು ತೋರಬಹುದು; ಹಿಂದೀ ಚಿತ್ರಪಟಕ್ಕೆ ಅಂದು ಅದು ಹೊಸತಾಗಿತ್ತು. ೧೯೫೫ರ ‘ಮಿಸ್ಟರ್ ಅಂಡ್ ಮಿಸೆಸ್ ೫೫’ ಚಿತ್ರದ ನಾಯಕನು ವ್ಯಂಗ್ಯಚಿತ್ರಕಾರ. ಆ ಚಿತ್ರದಲ್ಲಿ ಕಾಣುವ ವ್ಯಂಗ್ಯಚಿತ್ರಗಳನ್ನು ಬರೆದುಕೊಟ್ಟವರು ಮತ್ತೊಬ್ಬ ಮೈಸೂರಿಗರು, ಆರ್. ಕೆ. ಲಕ್ಷ್ಮಣರು.

ಎರಡನೆಯ ಪ್ರಯೋಗ ಮುಖಕ್ಕೆ ಸಂಬಂಧಿಸಿದ್ದು. ಮುಖವನ್ನು ಹತ್ತಿರದಿಂದ ತೋರಿಸುವಾಗ ಅವರು ರೂಢಿಗಿಂತ ಉದ್ದವಾದ, ೭೫ ಮಿಲಿಮೀಟರಿನಂಥ ಮಸೂರಗಳನ್ನು ಇಷ್ಟಪಟ್ಟರು. ಅಂಥ ಮಸೂರದಲ್ಲಿ ಮುಖ ನಿಚ್ಚಳವಾಗಿ ನಿಂತು, ಹಿಂದಿನ ಗೋಡೆ ಗಿಡ ಜನರೆಲ್ಲ ಮಸುಕಾಗಿ ಕರಗುತ್ತಾರೆ. ನೋಡುವವನ ದೃಷ್ಟಿ ಕಣ್ಣುಗಳ ಮೇಲೆಯೇ ನೆಡುತ್ತದೆ. ಅಭಿನಯವೆಂದರೆ ನೂರಕ್ಕೆ ಹೆಚ್ಚು ಪಾಲು ಕಣ್ಣಿನಲ್ಲಿದೆ ಎಂಬುದು ಅವರ ನಂಬಿಕೆಯಾಗಿತ್ತು. ನಟರನ್ನು ಕೂಗಾಡಿಸಿ ಅಳಿಸುವ ಬದಲು ಅವರ ಕಣ್ಣಿನ ಅಂಚಿನಲ್ಲಿ ಒಂದು ಬೆಳಕಿನ ಚುಕ್ಕೆ ಇಟ್ಟು ಅದರಿಂದಲೇ ದುಃಖವನ್ನು ಹೇಳಿಸುವ ಕಲೆ ಈ ಜೋಡಿಗೆ ಸಾಧಿಸಿತು.

೧೯೫೬ರ ನವೆಂಬರ್ ಒಂದರಂದು ಕನ್ನಡ ನಾಡು ಒಂದಾಯಿತು. ಅದಾದ ಮೂರು ನಾಲ್ಕು ತಿಂಗಳಲ್ಲಿ, ೧೯೫೭ರ ಫೆಬ್ರವರಿಯಲ್ಲಿ, ‘ಪ್ಯಾಸಾ’ ಬೆಳಕು ಕಂಡಿತು. ನಾಯಕನ ಪಾತ್ರಕ್ಕೆ ದಿಲೀಪಕುಮಾರರನ್ನು ಗೊತ್ತುಮಾಡಿದ್ದರು. ಅವರು ಚಿತ್ರೀಕರಣಕ್ಕೆ ಬರದೆ ಹೋದುದರಿಂದ ಗುರುದತ್ತರೇ ಬಣ್ಣ ಹಚ್ಚಿಕೊಂಡರು. ಚಿತ್ರೀಕರಿಸಿದ ಭಾಗಗಳು ಒಪ್ಪದಿದ್ದಾಗ ಎಸೆದು ಮತ್ತೆ ತೆಗೆದರು. ಫಿಲ್ಮಿನ ಸುರುಳಿ ಎಷ್ಟು ವ್ಯಯವಾಯಿತೆಂಬುದನ್ನು ಅವರು ಲೆಕ್ಕಿಸುತ್ತಿರಲಿಲ್ಲ. ಸತ್ತನೆಂದು ಲೋಕ ನಂಬಿದ ಕವಿಯು ತನ್ನದೇ ಸ್ಮರಣೆಯ ಸಭೆಗೆ ಬಂದು ಸಭಾಗೃಹದ ಬಾಗಿಲಲ್ಲಿ ನಿಲ್ಲುವ ದೃಶ್ಯವನ್ನು ಕಂಡವರು ಮರೆಯಲಾರರು. ಬೆಳಕೆಲ್ಲ ಅವನ ಬೆನ್ನ ಹಿಂದಿನಿಂದ, ಮುಖ ಕಾಣದು, ಚಾಚಿದ ಎರಡು ಕೈಗಳ ಕಪ್ಪು ಆಕಾರ ಮಾತ್ರ. ಬದುಕಿರುವಾಗ ಅನ್ನವಿಕ್ಕದ ಲೋಕ ಸತ್ತ ಮೇಲೆ ಹಾರ ಹಾಕುತ್ತದೆಂಬ ಮಾತನ್ನು ಆ ಒಂದು ಆಕಾರವೇ ಹೇಳುತ್ತದೆ. ಸಾಹಿರ್ ಲುಧಿಯಾನವಿಯವರ ಕವಿತೆಗಳು, ಎಸ್. ಡಿ. ಬರ್ಮನ್ನರ ಸಂಗೀತ ಚಿತ್ರಕ್ಕೆ ಬೆಂಬಲವಾದುವು. ಚಿತ್ರ ಗೆದ್ದಿತು, ಹಣವನ್ನೂ ತಂದಿತು.

ಗೆದ್ದವನು ಗೆದ್ದ ದಾರಿಯಲ್ಲಿಯೇ ನಡೆಯುವುದು ವ್ಯವಹಾರ. ಗುರುದತ್ತರು ಹಾಗೆ ಮಾಡಲಿಲ್ಲ. ಮುಂದಿನ ಚಿತ್ರ ‘ಕಾಗಜ್ ಕೆ ಫೂಲ್’ಗೆ ಅವರು ಸಿನೇಮಾಸ್ಕೋಪ್ ವಿಧಾನವನ್ನು ಆರಿಸಿಕೊಂಡರು. ಭಾರತದಲ್ಲಿ ಅದು ಮೊದಲನೆಯದು. ಈ ವಿಧಾನದಲ್ಲಿ ಕ್ಯಾಮೆರಾದ ಮಸೂರವು ಅಗಲವಾದ ದೃಶ್ಯವನ್ನು ಇಕ್ಕೆಲಗಳಿಂದ ಒತ್ತಿ, ಅರ್ಧದಷ್ಟು ಅಗಲ ಮಾಡಿ, ಸಾಮಾನ್ಯ ಫಿಲ್ಮಿನಲ್ಲಿ ಅಡಗಿಸುತ್ತದೆ. ಚಿತ್ರಮಂದಿರದಲ್ಲಿ ಮತ್ತೊಂದು ಮಸೂರವು ಅದನ್ನು ಬಿಡಿಸಿ ಪರದೆಯ ಮೇಲೆ ಹರಡುತ್ತದೆ. ಎತ್ತರಕ್ಕಿಂತ ಅಗಲ ಸುಮಾರು ಎರಡೂಕಾಲು ಪಟ್ಟಿಗೂ ಮಿಕ್ಕಿರುತ್ತದೆ. ದಂಡುದಾಳಿ, ರಥ ತುರಗಗಳ ವೈಭವವನ್ನು ತೋರಿಸಲು ಪಶ್ಚಿಮದವರು ಇದನ್ನು ಹೆಚ್ಚಾಗಿ ಬಳಸಿದರು. ಗುರುದತ್ತರಾದರೋ ಅದನ್ನು ಬಳಸಿದುದು ಒಬ್ಬ ಮನುಷ್ಯನ ಒಂಟಿತನವನ್ನು ತೋರಿಸಲು. ಅಗಲವಾದ ಪರದೆಯ ಒಂದು ಮೂಲೆಯಲ್ಲಿ ಒಬ್ಬನೇ ನಿಂತರೆ ಉಳಿದ ಬರಿದು ಜಾಗವೆಲ್ಲ ಮಾತನಾಡತೊಡಗುತ್ತದೆ. ಕೀರ್ತಿ ಕಳೆದುಕೊಂಡ ಚಿತ್ರ ದಿಗ್ದರ್ಶಕನೊಬ್ಬನು ಮುಪ್ಪಿನಲ್ಲಿ ತನ್ನ ಹಳೆಯ ಸ್ಟುಡಿಯೋಕ್ಕೆ ಮರಳುವ ಕಥೆಗೆ ಆ ಬರಿದೇ ಬೇಕಾಗಿತ್ತು. ಪರಿಸರವನ್ನು ರೂಪಿಸಿಕೊಟ್ಟವರು ಪ್ರಸಿದ್ಧ ಚಿತ್ರಕಾರ ಎಂ. ಆರ್. ಆಚರೇಕರರು.

ಈ ಚಿತ್ರದಲ್ಲಿಯೇ ಭಾರತದ ಛಾಯಾಗ್ರಹಣದ ಇತಿಹಾಸದಲ್ಲಿ ಹೆಸರಾದ ಆ ಬೆಳಕಿನ ಕೋಲು ಬಂದಿತು. ಗೀತಾ ದತ್ತರ ಕಂಠದಲ್ಲಿ ಹಾಡು ನಡೆಯುತ್ತಿದೆ. ಖಾಲಿ ಸ್ಟುಡಿಯೋದ ಕತ್ತಲೆಯಲ್ಲಿ ನಾಯಕ ನಾಯಕಿಯರು ದೂರ ದೂರ ನಿಂತಿದ್ದಾರೆ. ಮೇಲಿನಿಂದ ಓರೆಯಾಗಿ ಒಂದು ಬೆಳಕಿನ ಧಾರೆ ಇಳಿಯುತ್ತಿದೆ. ಗುರುದತ್ತರಿಗೆ ಬೇಕಾದುದು ಬಿಸಿಲಿನಂಥ ಬೆಳಕು. ವಿದ್ಯುದ್ದೀಪದ ಬೆಳಕು ಹೊರಟಲ್ಲಿಂದ ಬೀಸಣಿಗೆಯಂತೆ ಅಗಲವಾಗುತ್ತ ಹೋಗುತ್ತದೆ. ಬಹು ದೂರದ ಸೂರ್ಯನ ಕಿರಣಗಳಾದರೋ ಒಂದಕ್ಕೊಂದು ಸಮನಾಗಿ, ಬಿದಿರಗಳುವಿನಂತೆ ನೇರವಾಗಿ ಬರುತ್ತವೆ. ಎಷ್ಟು ದೊಡ್ಡ ದೀಪ ಹಚ್ಚಿದರೂ ಈ ಗುಣ ಅದಕ್ಕೆ ಬಾರದು. ಮೂರ್ತಿಯವರಿಗೆ ಉಪಾಯ ಹೊಳೆಯಿತು. ಎರಡು ದೊಡ್ಡ ಕನ್ನಡಿಗಳನ್ನು ತರಿಸಿದರು. ಒಂದನ್ನು ಸ್ಟುಡಿಯೋದ ಹೊರಗೆ ಬಿಸಿಲಿನಲ್ಲಿ ಇಟ್ಟರು. ಇನ್ನೊಂದನ್ನು ಒಳಗೆ ಮೇಲಿನ ಅಟ್ಟದ ಮೇಲೆ ಇಟ್ಟರು. ಹೊರಗಿನ ಕನ್ನಡಿ ಬಿಸಿಲನ್ನು ಹಿಡಿದು ಒಳಕ್ಕೆ ಎಸೆಯಿತು. ಅಟ್ಟದ ಕನ್ನಡಿ ಅದನ್ನು ನೆಲಕ್ಕೆ ಇಳಿಸಿತು. ಸ್ವಲ್ಪ ಹೊಗೆ ಹರಡಿದೊಡನೆ ಕಾಣದ ಧಾರೆ ಕಾಣಿಸಿಕೊಂಡಿತು. ಸೂರ್ಯ ಯಾರಿಗಾಗಿಯೂ ನಿಲ್ಲುವವನಲ್ಲವಾದುದರಿಂದ, ಅವನು ಸರಿದಂತೆ ಕನ್ನಡಿಯನ್ನೂ ತಿರುಗಿಸಬೇಕು. ಖರ್ಚು ಎರಡು ಕನ್ನಡಿಗಳದು. ಫಲವನ್ನು ಅರುವತ್ತು ವರುಷಗಳಿಗೂ ಮೇಲ್ಪಟ್ಟು ಛಾಯಾಗ್ರಹಣದ ವಿದ್ಯಾರ್ಥಿಗಳು ಅಭ್ಯಾಸ ಮಾಡುತ್ತ ಬಂದಿದ್ದಾರೆ.

ನಮ್ಮ ಊರಿನವರಿಗೆ ಈ ಬೆಳಕನ್ನು ವರ್ಣಿಸುವುದು ಸುಲಭ. ಶಕ ೯೮೨ರಲ್ಲಿ, ಎಂದರೆ ಕ್ರಿ. ಶ. ೧೦೬೦ರಲ್ಲಿ, ಶಿಲಾಹಾರ ಅರಸ ಮುಮ್ಮುಣಿಯ ಕಾಲಕ್ಕೆ ಪೂರ್ಣವಾದ ನಮ್ಮ ಅಂಬರನಾಥ ಶಿವಾಲಯಕ್ಕೆ ಹೋಗಿ ನೋಡಿ. ಮಂಟಪದಿಂದ ಮೆಟ್ಟಲಿಳಿದು ಗರ್ಭಗೃಹಕ್ಕೆ ಹೋಗಬೇಕು. ಮೇಲೆ ಶಿಖರ ತೆರೆದಿದೆ. ಆ ತೆರವಿನಿಂದ ಆಳದ ಕತ್ತಲೆಗೆ ಇಳಿಯುವ ಬೆಳಕು ಲಿಂಗದ ಮೇಲೆ ಬೀಳುತ್ತದೆ. ಸುತ್ತಲೂ ಕತ್ತಲೆಯಿರುವುದರಿಂದಲೇ ಆ ಬೆಳಕಿಗೆ ಅರ್ಥ. ಹೊರಗೋಡೆಯ ಕರಿಯ ಕಲ್ಲಿನ ಮೂಲೆ ಮೂಲೆಗಳಲ್ಲಿ ಬೆಳಗಿನ ಬಿಸಿಲು ಒಂದು ಮೂರ್ತಿಯನ್ನು ಎತ್ತಿ ತೋರಿ ಇನ್ನೊಂದನ್ನು ಮರೆಮಾಡುತ್ತದೆ. ಸಂಜೆಗೆ ಅದು ಅದಲುಬದಲು. ಕಲ್ಲುಕುಟಿಗರು ಉಳಿಯಿಂದ ಮಾಡಿದುದನ್ನೇ ಗುರುದತ್ತ ಮೂರ್ತಿಗಳು ಕನ್ನಡಿಯಿಂದ ಮಾಡಿದರೆಂದು ನಾವು ಹೇಳಿದರೆ ಅದು ಅತಿಶಯೋಕ್ತಿಯಾಗಲಾರದು.

೧೯೫೯ರಲ್ಲಿ ‘ಕಾಗಜ್ ಕೆ ಫೂಲ್’ ತೆರೆಗೆ ಬಂದಿತು; ಬಂದಂತೆಯೇ ಬಿದ್ದಿತು. ಜನ ಕಥೆಯನ್ನು ಒಪ್ಪಲಿಲ್ಲ. ಒಬ್ಬ ಸಿರಿವಂತ ದಿಗ್ದರ್ಶಕನ ಅಳಲಿಗೆ ತಾವೇಕೆ ಕಣ್ಣೀರಿಡಬೇಕೆಂದು ಅವರಿಗೆ ತೋರಿರಬೇಕು. ಆ ವರುಷದ ಛಾಯಾಗ್ರಹಣದ ಫಿಲ್ಮ್‌ಫೇರ್ ಪ್ರಶಸ್ತಿ ಮೂರ್ತಿಯವರಿಗೆ ಬಂದಿತು, ಕಲಾನಿರ್ದೇಶನದ್ದು ಆಚರೇಕರರಿಗೆ ಬಂದಿತು. ದಿಗ್ದರ್ಶಕರಿಗೆ ಬಂದುದು ಸೋಲು ಮತ್ತು ಸಾಲ. ಗುರುದತ್ತರು ಆಮೇಲೆ ಐದು ವರುಷ ಬದುಕಿದ್ದರು. ಚಿತ್ರಗಳನ್ನು ನಿರ್ಮಿಸಿದರು, ಅಭಿನಯಿಸಿದರು. ಆದರೆ ದಿಗ್ದರ್ಶಕನೆಂದು ತಮ್ಮ ಹೆಸರನ್ನು ಒಂದು ಚಿತ್ರದ ಮೇಲೆಯೂ ಮತ್ತೆ ಹಾಕಲಿಲ್ಲ. ಮೂವತ್ತನಾಲ್ಕನೆಯ ವಯಸ್ಸಿನಲ್ಲಿ, ಕೈ ಪಳಗಿ ಮಾಗಿದ್ದ ಹೊತ್ತಿನಲ್ಲಿ, ಆ ಕೈ ಹಿಂದಕ್ಕೆ ಸರಿಯಿತು. ಅವರ ಬಾಳಿನ ಅತ್ಯಂತ ದುಃಖದ ಸಂಗತಿ ಯಾವುದೆಂದು ನಮ್ಮನ್ನು ಕೇಳಿದರೆ ನಾವು ಇದನ್ನೇ ಹೇಳುತ್ತೇವೆ.

ಕಂಪನಿ ಉಳಿಯಬೇಕಲ್ಲ! ೧೯೬೦ರಲ್ಲಿ ಎಂ. ಸಾದಿಕರ ದಿಗ್ದರ್ಶನದಲ್ಲಿ ‘ಚೌಧವೀ ಕಾ ಚಾಂದ್’ ತೆಗೆದರು. ಅದು ಭರ್ಜರಿಯಾಗಿ ನಡೆದು ಸಂಸ್ಥೆಯನ್ನು ಎತ್ತಿ ನಿಲ್ಲಿಸಿತು. ೧೯೬೨ರಲ್ಲಿ ಬಿಮಲ್ ಮಿತ್ರರ ಬಂಗಾಳಿ ಕಾದಂಬರಿಯನ್ನು ಆಧರಿಸಿದ ‘ಸಾಹಿಬ್ ಬೀಬಿ ಔರ್ ಗುಲಾಮ್’ ಬಂದಿತು; ದಿಗ್ದರ್ಶಕರ ಸ್ಥಾನದಲ್ಲಿ ಅವರ ಬರಹಗಾರ ಅಬ್ರಾರ್ ಅಲ್ವಿಯವರ ಹೆಸರು. ಅದರಲ್ಲಿ ಒಂದು ನೃತ್ಯದ ದೃಶ್ಯವುಂಟು. ಮುಖ್ಯ ನರ್ತಕಿಯ ಮೇಲೆ ಮಾತ್ರ ಬೆಳಕು. ಸುತ್ತಲಿನ ನರ್ತಕಿಯರೆಲ್ಲ ಬರಿಯ ನೆಳಲುಗಳು. ಜೊತೆಯ ನರ್ತಕಿಯರು ಗುರುದತ್ತರಿಗೆ ಒಪ್ಪಿಗೆಯಾಗಲಿಲ್ಲವೆಂದು ಮೂರ್ತಿಯವರು ಅವರನ್ನು ಕತ್ತಲೆಯಲ್ಲಿಟ್ಟರೆಂದು ಹೇಳುತ್ತಾರೆ. ಕೊರತೆಯೇ ಕಲೆಯಾದ ಬಗೆ ಇದು. ಕುಸಿಯುತ್ತಿರುವ ಜಮೀನ್ದಾರಿ ಮನೆತನದ ಚಿತ್ರಕ್ಕೆ ಆ ನೆಳಲುಗಳಿಗಿಂತ ತಕ್ಕ ಹಿನ್ನೆಲೆ ಇನ್ನೊಂದಿರಲಿಲ್ಲ. ಆ ಚಿತ್ರ ರಾಷ್ಟ್ರಪತಿಗಳ ರಜತಪದಕವನ್ನು ಪಡೆಯಿತು. ೧೯೬೩ರಲ್ಲಿ ಬರ್ಲಿನ್ ಚಿತ್ರೋತ್ಸವಕ್ಕೂ ಹೋಯಿತು. ಮೂರ್ತಿಯವರಿಗೆ ಎರಡನೆಯ ಬಾರಿ ಫಿಲ್ಮ್‌ಫೇರ್ ಪ್ರಶಸ್ತಿ ಬಂದಿತು.

ಹೊರಗೆ ಗೌರವ ಹೆಚ್ಚುತ್ತಿದ್ದರೂ ಮನೆಯ ಒಳಗೆ ನೆಮ್ಮದಿ ಉಳಿದಿರಲಿಲ್ಲ. ಗೀತಾ ಅವರನ್ನೇ ನಾಯಕಿಯಾಗಿಟ್ಟುಕೊಂಡು ಆರಂಭಿಸಿದ ‘ಗೌರಿ’ ಎಂಬ ಚಿತ್ರ ಅರ್ಧದಲ್ಲಿ ನಿಂತುಹೋಗಿತ್ತು. ಆರಂಭಿಸಿ ಕೈಬಿಟ್ಟ ಚಿತ್ರಗಳು ಇನ್ನೂ ಕೆಲವಿದ್ದುವು. ನಿದ್ರೆ ಬಾರದ ರಾತ್ರಿಗಳು, ಮದ್ಯ, ನಿದ್ರೆಯ ಗುಳಿಗೆಗಳು ಅವರ ದೇಹವನ್ನೂ ಮನಸ್ಸನ್ನೂ ಹಣ್ಣುಮಾಡಿದ್ದುವು. ೧೯೬೪ರ ಅಕ್ಟೋಬರ್ ೧೦ರಂದು ಮುಂಬಯಿಯ ಪೆಡ್ಡರ್ ರಸ್ತೆಯ ಮನೆಯಲ್ಲಿ ಅವರು ಕೊನೆಯುಸಿರೆಳೆದರು. ವಯಸ್ಸು ಮೂವತ್ತೊಂಬತ್ತು. ಎಂಟು ವರುಷಗಳ ತರುವಾಯ, ೧೯೭೨ರಲ್ಲಿ, ಗೀತಾ ದತ್ತರೂ ತೀರಿಕೊಂಡರು.

ಮುಂದಿನ ಕಥೆ ‘ಪ್ಯಾಸಾ’ದ ಕಥೆಯೇ. ಬದುಕಿದ್ದಾಗ ಬಿದ್ದ ಚಿತ್ರವನ್ನು ಸತ್ತ ಮೇಲೆ ಜಗತ್ತು ತಲೆಯ ಮೇಲೆ ಹೊತ್ತುಕೊಂಡಿತು. ೧೯೮೦ರ ದಶಕದಲ್ಲಿ ಪ್ಯಾರಿಸ್ ಮೊದಲಾದ ಕಡೆ ಅವರ ಚಿತ್ರಗಳನ್ನು ಹೊಸದಾಗಿ ತೋರಿಸಿದರು. ೨೦೦೪ರಲ್ಲಿ ಭಾರತದ ಅಂಚೆ ಇಲಾಖೆ ಅವರ ಚಿತ್ರವಿರುವ ಅಂಚೆಚೀಟಿಯನ್ನು ಹೊರಡಿಸಿತು. ೨೦೦೫ರಲ್ಲಿ ಅಮೆರಿಕದ ಟೈಮ್ ಪತ್ರಿಕೆ ಪ್ರಪಂಚದ ನೂರು ಶ್ರೇಷ್ಠ ಚಿತ್ರಗಳ ಪಟ್ಟಿಯಲ್ಲಿ ‘ಪ್ಯಾಸಾ’ವನ್ನು ಸೇರಿಸಿತು. ೨೦೨೫ಕ್ಕೆ ಅವರು ಹುಟ್ಟಿ ನೂರು ವರುಷ ತುಂಬಿತು.

ಅವರ ಗೆಳೆಯ ಮೂರ್ತಿಯವರಿಗೆ ದೀರ್ಘಾಯುಷ್ಯವಿತ್ತು. ಮುಂಬಯಿಯಲ್ಲಿ ದಶಕಗಳ ಕಾಲ ದುಡಿದರು. ಗೋವಿಂದ ನಿಹಲಾನಿಯಂಥ ಛಾಯಾಗ್ರಾಹಕರು ಅವರ ಕೈಕೆಳಗೆ ಪಳಗಿದರು. ೧೯೯೩ರಲ್ಲಿ ‘ಹೂವು ಹಣ್ಣು’ ಎಂಬ ಕನ್ನಡ ಚಿತ್ರಕ್ಕೂ ಕ್ಯಾಮೆರಾ ಹಿಡಿದರು. ೨೦೦೮ನೆಯ ಸಾಲಿನ ದಾದಾಸಾಹೇಬ ಫಾಳ್ಕೆ ಪ್ರಶಸ್ತಿ ಅವರಿಗೆ ಬಂದಿತು. ಛಾಯಾಗ್ರಾಹಕರೊಬ್ಬರಿಗೆ ಆ ಗೌರವ ದೊರೆತುದು ಅದೇ ಮೊದಲು. ೨೦೧೪ರಲ್ಲಿ ಬೆಂಗಳೂರಿನಲ್ಲಿ, ತೊಂಬತ್ತು ದಾಟಿದ ವಯಸ್ಸಿನಲ್ಲಿ, ಅವರು ನಿಧನರಾದರು. ಬೆಂಗಳೂರಿನಲ್ಲಿ ಹುಟ್ಟಿದವರು ಮುಂಬಯಿಯಲ್ಲಿ ಅಳಿದರು. ಮೈಸೂರಿನಲ್ಲಿ ಹುಟ್ಟಿದವರು ಮುಂಬಯಿಯಲ್ಲಿ ಬಾಳಿ ಬೆಂಗಳೂರಿಗೆ ಮರಳಿದರು. ಇಬ್ಬರೂ ಕೂಡಿ ದುಡಿದುದು ಹತ್ತು ಹನ್ನೆರಡು ವರುಷ ಮಾತ್ರ.

ಈ ಬಾಳಿನಿಂದ ನಾವು ಕಲಿಯಬೇಕಾದ ಪಾಠ ಯಾವುದು? ಪ್ರಯೋಗವೆಂದರೆ ಒಬ್ಬನ ಹುಚ್ಚಲ್ಲ. ಆ ಹುಚ್ಚನ್ನು ಅರಿತು ಕನ್ನಡಿ ತಂದಿಡುವ ಒಬ್ಬ ಮೂರ್ತಿಯೂ ಬೇಕು. ಅವರಿಬ್ಬರೂ ಇದ್ದ ಮೇಲೆ, ಕುಳಿತು ತಾಳ್ಮೆಯಿಂದ ನೋಡುವ ಪ್ರೇಕ್ಷಕನೂ ಬೇಕು. ೧೯೫೯ರಲ್ಲಿ ಮೊದಲಿನ ಇಬ್ಬರಿದ್ದರು. ಮೂರನೆಯವನು ತಡವಾಗಿ ಬಂದನು. ಆ ತಡದಿಂದ ನಮಗೆ ನಷ್ಟವಾದುದು ಒಂದು ಚಿತ್ರದ ಗಳಿಕೆಯಲ್ಲ, ಹುಟ್ಟದೆ ಉಳಿದ ಹಲವು ಚಿತ್ರಗಳು.

ನಮ್ಮ ಸಂಘಗಳ ವೇದಿಕೆಯ ಮೇಲೆ ಪ್ರತಿ ನವೆಂಬರಿನಲ್ಲಿ ಹಾಡುವವರು, ಬಣ್ಣ ಹಚ್ಚುವವರು, ಚಿತ್ರ ಬರೆಯುವವರು, ಈಗೀಗ ಕೈಫೋನಿನಲ್ಲಿಯೇ ಚಿತ್ರ ತೆಗೆಯುವ ಹುಡುಗ ಹುಡುಗಿಯರು ಬಂದು ನಿಲ್ಲುತ್ತಾರೆ. ಅವರಲ್ಲಿ ಯಾರೋ ಒಬ್ಬರು ರೂಢಿ ಬಿಟ್ಟು ಏನನ್ನೋ ಮಾಡಿ ತೋರಿಸಿದಾಗ ನಮಗೆ ತಟ್ಟನೆ ಅರ್ಥವಾಗದೆ ಇರಬಹುದು. ಆಗ ಎದ್ದು ಹೋಗುವ ಮುನ್ನ ಇನ್ನೊಂದು ಗಳಿಗೆ ಕುಳಿತು ನೋಡೋಣ. ಸಮಾಧಿಗೆ ಹಾಕುವ ಹಾರಕ್ಕಿಂತ ಸಭೆಯಲ್ಲಿ ತಟ್ಟುವ ಚಪ್ಪಾಳೆಗೆ ಬೆಲೆ ಹೆಚ್ಚು. ಪಡುಕೋಣೆಯ ಗುರುದತ್ತರಿಗೆ ನಾವು ಸಲ್ಲಿಸಬಹುದಾದ ನಿಜವಾದ ಶ್ರದ್ಧಾಂಜಲಿ ಅದೇ.